‘ಕಡತ ಸಿಗುತ್ತಿಲ್ಲ’ ಎಂದಾಗ: ತೋಟದ ಕಂಪ್ಯೂಟರು ಮತ್ತು ಗೇಟ್‌ವೇಗಳಲ್ಲಿ ಲೈಬ್ರರಿ ಕಡತಗಳನ್ನು ಸರಿಪಡಿಸುವ ಬಗೆ

ನಾನು ಹೋಗಿ ಬರುವ ಆಲ್ದೂರು, ಮಲ್ಲಂದೂರು, ಮೂಡಿಗೆರೆ ಕಡೆಯ ಕಾಫಿ ತೋಟಗಳಲ್ಲಿ ಅಂತರಜಾಲಕ್ಕೆ ಜೋಡಿಸಿದ ಸಾಧನಗಳು ವರ್ಷದಿಂದ ವರ್ಷಕ್ಕೆ ಹೆಚ್ಚುತ್ತಿವೆ: ಕಣದ ಮೇಲೆ ಕಣ್ಣಿಟ್ಟ ಕ್ಯಾಮರಾ, ಕೆರೆಯ ಬದಿಯ ಪಂಪ್‌ಹೌಸಿನ ಮೋಟಾರನ್ನು ಮನೆಯಿಂದಲೇ ನಡೆಸುವ ನಿಯಂತ್ರಕ, ಮಳೆಯ ಲೆಕ್ಕವನ್ನು ತಾನೇ ಬರೆದಿಡುವ ಮಾಪಕ, ಮಣ್ಣಿನ ತೇವಾಂಶ ಹೇಳುವ ಸೆನ್ಸರ್. ಇವುಗಳ ಹಿಂದೆ ಸಾಮಾನ್ಯವಾಗಿ ಎರಡು ಯಂತ್ರಗಳು ಕೆಲಸ ಮಾಡುತ್ತಿರುತ್ತವೆ. ತೋಟದ ಆಫೀಸಿನಲ್ಲಿರುವ ವಿಂಡೋಸ್ ಕಂಪ್ಯೂಟರು ಒಂದು. ಸೆನ್ಸರುಗಳ ಮಾಹಿತಿಯನ್ನು ಒಟ್ಟುಗೂಡಿಸಿ ಹೊರಗೆ ಕಳುಹಿಸುವ, ಅಂಗೈ ಅಗಲದ ಗೇಟ್‌ವೇ ಇನ್ನೊಂದು. ಈ ಗೇಟ್‌ವೇ ಹೆಚ್ಚಿನ ಕಡೆ ರಾಸ್‌ಬೆರಿ ಪೈ ಅಥವಾ ಅದರಂಥದೇ ಲಿನಕ್ಸ್ ಯಂತ್ರವಾಗಿರುತ್ತದೆ. ಎರಡರಲ್ಲೂ ಒಂದೇ ಬಗೆಯ ತೊಂದರೆ ಬರುತ್ತದೆ. ನಿನ್ನೆಯವರೆಗೆ ನಡೆಯುತ್ತಿದ್ದ ತಂತ್ರಾಂಶ ಇಂದು ತೆರೆಯುವುದಿಲ್ಲ, ಯಾವುದೋ ಲೈಬ್ರರಿ ಕಡತ ಸಿಗುತ್ತಿಲ್ಲ ಎಂಬ ಸಂದೇಶ ಮಾತ್ರ ಉಳಿಯುತ್ತದೆ.

ಇಂಥ ಸಂದೇಶ ಕಂಡಾಗ ಅದು ಹೆಸರಿಸಿದ ಒಂದು ಕಡತವನ್ನೇ ಅಂತರಜಾಲದಲ್ಲಿ ಹುಡುಕಿಕೊಂಡು ಹೋಗಬಾರದು. ಆ ಕಡತ ಯಾವ ಪ್ಯಾಕೇಜಿಗೆ (ಒಟ್ಟಿಗೆ ಸ್ಥಾಪಿಸಬೇಕಾದ ಕಡತಗಳ ಗಂಟಿಗೆ) ಸೇರಿದ್ದು ಎಂದು ತಿಳಿದುಕೊಂಡು, ಆ ಪ್ಯಾಕೇಜನ್ನು ಪೂರ್ತಿಯಾಗಿ, ಅದನ್ನು ಸಿದ್ಧಪಡಿಸಿದವರಿಂದಲೇ ತಂದು ಸ್ಥಾಪಿಸಬೇಕು. ಮುಂದೆ ಬರೆದಿರುವುದೆಲ್ಲ ಇದನ್ನು ಮಾಡುವ ಕ್ರಮ.

ಇದನ್ನು ಇಷ್ಟು ಒತ್ತಿ ಹೇಳಲು ಕಾರಣವಿದೆ. ಕೆಲವು ವರ್ಷಗಳ ಹಿಂದೆ, ರೊಬಸ್ಟಾಗೆ ಹೂವಿಗಾಗಿ ಸ್ಪ್ರಿಂಕ್ಲರ್ ನೀರು ಕೊಡುವ ದಿನಗಳಲ್ಲಿ, ಒಂದು ತೋಟದ ಪಂಪ್ ನಿಯಂತ್ರಣದ ತಂತ್ರಾಂಶ ನಿಂತಿತು. ಎಂಎಸ್‌ವಿಸಿಆರ್120.ಡಿಎಲ್‌ಎಲ್ ಎಂಬ ಲೈಬ್ರರಿ ಕಡತ ಇಲ್ಲ ಎಂದು ಸಂದೇಶ ಹೇಳುತ್ತಿತ್ತು. ಅವಸರದಲ್ಲಿದ್ದ ನಾನು, ಬಿಡಿ ಡಿಎಲ್‌ಎಲ್ ಕಡತಗಳನ್ನು ಪುಕ್ಕಟೆಯಾಗಿ ಕೊಡುವ ತಾಣವೊಂದರಿಂದ ಆ ಹೆಸರಿನ ಕಡತವನ್ನು ಇಳಿಸಿಕೊಂಡು ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಆಗ ಎಂಎಸ್‌ವಿಸಿಪಿ120 ಇಲ್ಲ ಎಂಬ ಹೊಸ ಸಂದೇಶ ಬಂತು. ಅದನ್ನೂ ಹಾಗೆಯೇ ತಂದು ಹಾಕಿದಾಗ ಕಡತದ ಹೆಸರೇ ಇಲ್ಲದೆ 0ಎಕ್ಸ್‌ಸಿ000007ಬಿ ಎಂಬ ದೋಷಸಂಖ್ಯೆ ಕಾಣಿಸಿತು. ಆ ತಾಣದಿಂದ ಮತ್ತೇನು ಒಳಬಂದಿದೆ ಎಂದು ಖಚಿತವಾಗಿ ಹೇಳಲಾಗದ ಸ್ಥಿತಿಯಲ್ಲಿ ವಿಂಡೋಸನ್ನೇ ಮೊದಲಿನಿಂದ ಸ್ಥಾಪಿಸಬೇಕಾಯಿತು, ಎರಡು ದಿನ ಕೆಲಸದವರು ಹೊತ್ತುಹೊತ್ತಿಗೆ ಪಂಪ್‌ಹೌಸಿಗೆ ನಡೆದು ಹೋಗಿ ಮೋಟಾರನ್ನು ಕೈಯಿಂದ ಹಾಕಿ ತೆಗೆದರು. ಸರಿಯಾದ ದಾರಿ ಹಿಡಿದಿದ್ದರೆ ಅದು ಹತ್ತು ನಿಮಿಷದ ಕೆಲಸವಾಗಿತ್ತು.

ಲೈಬ್ರರಿ ಕಡತ ಎಂದರೇನು

ಊರಿನಲ್ಲಿ ಮದುವೆಯಾದರೆ ಪ್ರತಿ ಮನೆಯವರೂ ದೊಡ್ಡ ಕೊಪ್ಪರಿಗೆಗಳನ್ನು ಕೊಳ್ಳುವುದಿಲ್ಲ, ದೇವಸ್ಥಾನದ ಉಗ್ರಾಣದಿಂದ ತಂದು ಬಳಸಿ ಹಿಂತಿರುಗಿಸುತ್ತಾರೆ. ತಂತ್ರಾಂಶಗಳೂ ಹಾಗೆಯೇ. ಕಡತ ತೆರೆಯುವುದು, ಕಾಲ ಲೆಕ್ಕಹಾಕುವುದು, ಗುಪ್ತಲಿಪಿಯಲ್ಲಿ ಮಾಹಿತಿ ಕಳುಹಿಸುವುದು ಮುಂತಾದ ಎಲ್ಲರಿಗೂ ಬೇಕಾದ ಕೆಲಸಗಳನ್ನು ಪ್ರತಿ ತಂತ್ರಾಂಶವೂ ತನ್ನೊಳಗೆ ಬರೆದುಕೊಳ್ಳದೆ, ಒಂದು ಸಾಮಾನ್ಯ ಜಾಗದಲ್ಲಿಟ್ಟ ಲೈಬ್ರರಿಯಿಂದ ಪಡೆಯುತ್ತದೆ. ವಿಂಡೋಸಿನಲ್ಲಿ ಇಂಥ ಕಡತದ ಹೆಸರು ಡಿಎಲ್‌ಎಲ್ ಎಂದು ಮುಗಿಯುತ್ತದೆ. ಲಿನಕ್ಸಿನಲ್ಲಿ ಹೆಸರಿನೊಳಗೆ ಎಸ್‌ಒ ಎಂಬ ಎರಡು ಅಕ್ಷರಗಳೂ ಅವುಗಳ ಮುಂದೆ ಒಂದು ಸಂಖ್ಯೆಯೂ ಇರುತ್ತವೆ. ಈ ಏರ್ಪಾಡಿನಿಂದ ಜಾಗ ಉಳಿಯುತ್ತದೆ, ಭದ್ರತೆಯ ತಿದ್ದುಪಡಿಯನ್ನು ಒಂದೇ ಕಡೆ ಮಾಡಿದರೆ ಎಲ್ಲ ತಂತ್ರಾಂಶಗಳಿಗೂ ತಲುಪುತ್ತದೆ. ಉಗ್ರಾಣದಲ್ಲಿ ಆ ಪಾತ್ರೆ ಇಲ್ಲದಿದ್ದರೆ, ಅಥವಾ ಬೇರೆ ಅಳತೆಯದು ಇದ್ದರೆ, ಅಡುಗೆ ಮಾತ್ರ ಅಲ್ಲಿಗೇ ನಿಲ್ಲುತ್ತದೆ.

ಲೈಬ್ರರಿ ಕಡತದೊಳಗಿನ ಆಜ್ಞೆಗಳು, ಅದನ್ನು ಕರೆದ ತಂತ್ರಾಂಶಕ್ಕೆ ಇರುವ ಎಲ್ಲ ಅಧಿಕಾರವನ್ನೂ ಪಡೆದು ನಡೆಯುತ್ತವೆ. ಪಂಪು, ಕ್ಯಾಮರಾ, ಗೇಟುಗಳನ್ನು ನಡೆಸುವ ತಂತ್ರಾಂಶಕ್ಕೆ ಗುರುತಿಲ್ಲದವರು ಕೊಟ್ಟ ಲೈಬ್ರರಿ ಸೇರಿಸುವುದೆಂದರೆ ಆ ಎಲ್ಲದರ ಬೀಗದ ಕೈಯನ್ನು ಅವರಿಗೆ ಕೊಟ್ಟಂತೆ. ಬಿಡಿ ಕಡತ ಬೇಡವೆಂದು ನಾನು ಹಟ ಹಿಡಿಯುವುದು ಇದಕ್ಕಾಗಿಯೇ.

ಮೊದಲು ಮಾಡಬೇಕಾದುದು

ಸಂದೇಶದ ಪೆಟ್ಟಿಗೆಯನ್ನು ಮುಚ್ಚುವ ಮುನ್ನ ಅದರ ಫೋಟೊ ತೆಗೆಯಿರಿ. ಫೋನ್ ಮಾಡಿ ‘ಯಾವುದೋ ಡಿಎಲ್‌ಎಲ್ ಇಲ್ಲ ಅನ್ನುತ್ತಿದೆ’ ಎಂದರೆ ಯಾರೂ ಏನೂ ಮಾಡಲಾರರು, ಏಕೆಂದರೆ ಹೆಸರಿನ ಕೊನೆಯ ಅಂಕಿಗಳಲ್ಲೇ ಉತ್ತರ ಇರುತ್ತದೆ. ವಿಂಡೋಸ್ ಸಂದೇಶದ ಎರಡನೆಯ ವಾಕ್ಯವನ್ನೂ ಓದಿ. ಪ್ರೋಗ್ರಾಮನ್ನು ಮತ್ತೆ ಸ್ಥಾಪಿಸಿದರೆ ಸರಿಹೋಗಬಹುದು ಎಂದು ಅದೇ ಹೇಳುತ್ತಿರುತ್ತದೆ. ಜೊತೆಗೆ, ಹಿಂದಿನ ಒಂದೆರಡು ದಿನಗಳಲ್ಲಿ ಏನು ಬದಲಾಯಿತು ಎಂದು ಬರೆದುಕೊಳ್ಳಿ: ಅಪ್‌ಡೇಟ್ ಆಯಿತೇ, ಹೊಸ ಆ್ಯಂಟಿವೈರಸ್ ಬಂದಿತೇ, ಸಿಡಿಲಿಗೋ ಗಾಳಿಮಳೆಗೋ ಕರೆಂಟು ಹೋಗಿ ಯಂತ್ರ ತಟ್ಟನೆ ನಿಂತಿತೇ.

ಕಮಾಂಡುಗಳನ್ನು ಇಲ್ಲಿ ಫೋನಿನಲ್ಲಿ ಹೇಳಿ ಬರೆಯಿಸುವ ರೀತಿಯಲ್ಲೇ ಕನ್ನಡದಲ್ಲಿ ಬರೆದಿದ್ದೇನೆ. ಕೀಲಿಮಣೆಯಲ್ಲಿ ಅವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಒತ್ತಬೇಕು.

ವಿಂಡೋಸ್ ಕಂಪ್ಯೂಟರಿನಲ್ಲಿ

ಎಲ್ಲಕ್ಕಿಂತ ಮೊದಲು ವಿಂಡೋಸ್ ಸೆಕ್ಯುರಿಟಿಯನ್ನು ತೆರೆದು, ಅಲ್ಲಿನ ಪ್ರೊಟೆಕ್ಷನ್ ಹಿಸ್ಟರಿಯಲ್ಲಿ ಕಾಣೆಯಾದ ಕಡತದ ಹೆಸರು ಇದೆಯೇ ನೋಡಿ. ಕ್ಯಾಮರಾ ಮತ್ತು ಪಂಪ್ ನಿಯಂತ್ರಣದ ತಂತ್ರಾಂಶಗಳ ಕಡತಗಳನ್ನು ಆ್ಯಂಟಿವೈರಸ್ ಅನುಮಾನದಿಂದ ಎತ್ತಿಡುವುದುಂಟು. ಹೆಸರು ಅಲ್ಲಿದ್ದರೆ ತಕ್ಷಣ ಮರಳಿಸಬೇಡಿ, ತಂತ್ರಾಂಶ ಕೊಟ್ಟವರನ್ನು ಕೇಳಿ ಅದು ಅವರದೇ ಕಡತವೆಂದು ಖಚಿತವಾದ ಮೇಲೆ ಮರಳಿಸಿ.

ಆನಂತರ ಹೆಸರಿನಿಂದ ಪ್ಯಾಕೇಜನ್ನು ಗುರುತಿಸಬೇಕು. ತೋಟಗಳಲ್ಲಿ ನಾನು ಕಾಣುವ ಸಂದೇಶಗಳಲ್ಲಿ ಹೆಚ್ಚಿನವು ಮೈಕ್ರೋಸಾಫ್ಟ್ ವಿಶುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಎಂಬ ಪ್ಯಾಕೇಜಿಗೆ ಸೇರಿದವು. ಎಂಎಸ್‌ವಿಸಿಆರ್ ಅಥವಾ ಎಂಎಸ್‌ವಿಸಿಪಿ ಎಂಬ ಅಕ್ಷರಗಳ ಮುಂದೆ 100 ಇದ್ದರೆ ಅದು 2010ರ ಆವೃತ್ತಿಗೆ, 110 ಇದ್ದರೆ 2012ರದಕ್ಕೆ, 120 ಇದ್ದರೆ 2013ರದಕ್ಕೆ ಸೇರಿದ್ದು. ಎಂಎಸ್‌ವಿಸಿಪಿ140 ಅಥವಾ ವಿಸಿರನ್‌ಟೈಮ್140 ಎಂದಿದ್ದರೆ, 2015ರಿಂದ ಮುಂದಿನ ವರ್ಷಗಳಿಗೆಲ್ಲ ಒಂದೇ ಆಗಿರುವ ಪ್ಯಾಕೇಜು ಬೇಕು. ಒಂದರ ಬದಲು ಇನ್ನೊಂದು ನಡೆಯುವುದಿಲ್ಲ. 2013ರದನ್ನು ಕೇಳುವ ತಂತ್ರಾಂಶಕ್ಕೆ ಎಷ್ಟೇ ಹೊಸದನ್ನು ಕೊಟ್ಟರೂ ಅದು ತೃಪ್ತವಾಗದು. ಆದ್ದರಿಂದ ‘ಪ್ರೋಗ್ರಾಮ್ಸ್’ ಪಟ್ಟಿಯಲ್ಲಿ ಐದಾರು ವಿಶುವಲ್ ಸಿ++ ಹೆಸರುಗಳನ್ನು ಕಂಡು, ಹಳೆಯವು ಕಸವೆಂದು ತೆಗೆದುಹಾಕುವ ಅಭ್ಯಾಸವನ್ನು ದಯವಿಟ್ಟು ಬಿಡಿ. ಕಡತ ಕಾಣೆಯಾದ ಎಷ್ಟೋ ಪ್ರಸಂಗಗಳು ಇಂಥ ಶುಚಿಗೊಳಿಸುವಿಕೆಯಿಂದಲೇ ಆದವು.

ವಿಸಿರನ್‌ಟೈಮ್140 ಎಂಬುದರ ಮುಂದೆ ಒಂದು ಅಡಿಗೀಟು ಮತ್ತು 1 ಇರುವ ಇನ್ನೊಂದು ಕಡತವೂ ಉಂಟು. ಅದು 2019ರ ಆವೃತ್ತಿಯೊಂದಿಗೆ ಬಂದದ್ದು, 2015ರ ಹಳೆಯ ಪ್ಯಾಕೇಜಿನಲ್ಲಿ ಇರುವುದಿಲ್ಲ. ‘ಪ್ಯಾಕೇಜು ಇದೆ, ಆದರೂ ಸಂದೇಶ ಬರುತ್ತಿದೆ’ ಎನ್ನುವವರು ಮೊದಲು ಈ ಅಡಿಗೀಟನ್ನು ನೋಡಬೇಕು, ಇದ್ದರೆ ಅದೇ ಪ್ಯಾಕೇಜಿನ ಇತ್ತೀಚಿನ ಆವೃತ್ತಿಯನ್ನು ಹಾಕಬೇಕು.

ಪ್ಯಾಕೇಜನ್ನು ಮೈಕ್ರೋಸಾಫ್ಟಿನ ತಾಣದಿಂದಲೇ ಇಳಿಸಿಕೊಳ್ಳಿ. ಅಲ್ಲಿ ಎಕ್ಸ್86 ಮತ್ತು ಎಕ್ಸ್64 ಎಂಬ ಎರಡು ಬಗೆ ಕಾಣುತ್ತವೆ. ನಿಮ್ಮ ವಿಂಡೋಸ್ 64 ಬಿಟ್ಟಿನದಾಗಿದ್ದರೂ ಅದರ ಮೇಲೆ ನಡೆಯುವ ತಂತ್ರಾಂಶ 32 ಬಿಟ್ಟಿನದಾಗಿದ್ದರೆ ಅದಕ್ಕೆ ಬೇಕಾದುದು ಎಕ್ಸ್86. ಹಳೆಯ ಕ್ಯಾಮರಾ ತಂತ್ರಾಂಶಗಳು ಹಲವು ಇದೇ ಜಾತಿಯವು. ಎರಡನ್ನೂ ಸ್ಥಾಪಿಸಿದರೆ ಯಾವ ಹಾನಿಯೂ ಇಲ್ಲ, ನಾನಂತೂ ಯಾವಾಗಲೂ ಎರಡನ್ನೂ ಹಾಕುತ್ತೇನೆ. ಇಲ್ಲಿ ಹೆಸರುಗಳು ಜನರನ್ನು ದಾರಿ ತಪ್ಪಿಸುತ್ತವೆ: 64 ಬಿಟ್ಟಿನ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ ಕಡತಗಳು, ಸಿಸ್‌ವೌ64 ಎಂಬುದರಲ್ಲಿರುವುದು 32 ಬಿಟ್ ಕಡತಗಳು. ಕೈಯಿಂದ ಕಡತ ಹಾಕಹೊರಟವರು ಇಲ್ಲಿ ಅದಲುಬದಲು ಮಾಡುತ್ತಾರೆ, ಮೇಲೆ ಹೇಳಿದ 0ಎಕ್ಸ್‌ಸಿ000007ಬಿ ಸಂಖ್ಯೆ ಕಾಣಿಸುವುದು ಬಹುಮಟ್ಟಿಗೆ ಅದರಿಂದಲೇ. ಸ್ಥಾಪಕವನ್ನು ಓಡಿಸಿದರೆ ಅದು ಪ್ರತಿಯೊಂದನ್ನೂ ತನ್ನ ಜಾಗಕ್ಕೇ ಸೇರಿಸುತ್ತದೆ.

ಹೆಸರು ಕ್ಯೂಟಿ5ಕೋರ್, ಲಿಬ್‌ಕ್ರಿಪ್ಟೊ ಮುಂತಾಗಿದ್ದರೆ ಅದು ವಿಂಡೋಸಿನದಲ್ಲ. ತಂತ್ರಾಂಶವು ತನ್ನದೇ ಫೋಲ್ಡರಿನಲ್ಲಿ ಜೊತೆಗೆ ತಂದದ್ದು. ಆಗ ವಿಂಡೋಸನ್ನು ಮುಟ್ಟದೆ ಆ ತಂತ್ರಾಂಶವನ್ನೇ ತೆಗೆದು ಮತ್ತೆ ಸ್ಥಾಪಿಸಬೇಕು. ಅದಕ್ಕೆ ಮುನ್ನ ಕ್ಯಾಮರಾಗಳ ವಿಳಾಸ, ಪಂಪಿನ ವೇಳಾಪಟ್ಟಿ ಮುಂತಾದ ಹೊಂದಾಣಿಕೆಗಳನ್ನು ಬೇರೆಡೆ ಉಳಿಸಿಕೊಳ್ಳಿ.

ಕಾಣೆಯಾದುದು ವಿಂಡೋಸಿನ ಸ್ವಂತ ಕಡತವಾಗಿದ್ದರೆ ಅದನ್ನು ಸರಿಪಡಿಸುವ ಉಪಕರಣಗಳು ವಿಂಡೋಸಿನೊಳಗೇ ಇವೆ. ಸ್ಟಾರ್ಟ್ ಒತ್ತಿ ಸಿಎಂಡಿ ಎಂದು ಬರೆದು, ಕಾಣುವ ಕಮಾಂಡ್ ಪ್ರಾಂಪ್ಟಿನ ಮೇಲೆ ಬಲ ಕ್ಲಿಕ್ ಮಾಡಿ, ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಮೊದಲು ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್, ಅದು ಮುಗಿದ ಮೇಲೆ ಎಸ್‌ಎಫ್‌ಸಿ /ಸ್ಕ್ಯಾನ್‌ನೌ. ಬಲಕ್ಕೆ ವಾಲಿದ ಪ್ರತಿ ಗೀಟನ್ನು ಒತ್ತುವ ಮುನ್ನ ಒಂದು ಖಾಲಿ ಜಾಗ ಬಿಡಬೇಕು. ಎಸ್‌ಎಫ್‌ಸಿ ಕೆಟ್ಟ ಕಡತದ ಜಾಗಕ್ಕೆ ವಿಂಡೋಸಿನ ಒಳ ಉಗ್ರಾಣದಿಂದ ಒಳ್ಳೆಯ ಪ್ರತಿಯನ್ನು ತರುತ್ತದೆ. ಆ ಉಗ್ರಾಣವೇ ಕೆಟ್ಟಿದ್ದರೆ ಅದನ್ನು ಸರಿಪಡಿಸುವುದು ಡಿಐಎಸ್‌ಎಂ. ಆದ್ದರಿಂದ ಈ ಕ್ರಮ ಮುಖ್ಯ. ಡಿಐಎಸ್‌ಎಂ ತನಗೆ ಬೇಕಾದುದನ್ನು ಅಂತರಜಾಲದಿಂದ ತರಿಸಿಕೊಳ್ಳುವುದರಿಂದ, ಸಿಗ್ನಲ್ ದುರ್ಬಲವಾಗಿರುವ ತೋಟಗಳಲ್ಲಿ ಅದರ ಅಂಕಿ ಬಹಳ ಹೊತ್ತು ಒಂದೇ ಕಡೆ ನಿಂತಂತೆ ಕಾಣುತ್ತದೆ. ಕಿಟಕಿ ಮುಚ್ಚದೆ ಕಾಯಿರಿ. ಇದೇ ಯಂತ್ರದಲ್ಲಿ ತಿಂಗಳಿಗೊಮ್ಮೆ ಕಡತಗಳು ಕೆಡುತ್ತಿದ್ದರೆ ತಪ್ಪು ಕಡತಗಳದ್ದಲ್ಲ, ಡಿಸ್ಕ್ ಸಾಯುತ್ತಿರಬಹುದು; ಮಾಹಿತಿಯನ್ನು ಮೊದಲು ಹೊರಗೆ ತೆಗೆಯಿರಿ.

ರೆಗ್‌ಎಸ್‌ವಿಆರ್32 ಓಡಿಸಿ ಎಂಬ ಸಲಹೆ ಎಲ್ಲೆಡೆ ಸಿಗುತ್ತದೆ. ನೋಂದಣಿಯ ಅಗತ್ಯವಿರುವ ಒಂದು ಬಗೆಯ ಡಿಎಲ್‌ಎಲ್‌ಗಳಿಗೆ ಮಾತ್ರ ಅದು ಅನ್ವಯಿಸುತ್ತದೆ, ವಿಸಿರನ್‌ಟೈಮಿನಂಥವಕ್ಕೆ ಅಲ್ಲ. ಇನ್ನೊಂದು ಎಚ್ಚರಿಕೆ: ವಿಂಡೋಸ್ ತಂತ್ರಾಂಶವೊಂದು ಹೆಚ್ಚಿನ ಲೈಬ್ರರಿಗಳನ್ನು ಮೊದಲು ತಾನಿರುವ ಫೋಲ್ಡರಿನಲ್ಲೇ ಹುಡುಕುತ್ತದೆ, ಆಮೇಲೆ ಸಿಸ್ಟಮ್32ಕ್ಕೆ ಹೋಗುತ್ತದೆ. ಹಿಂದೆಂದೋ ಇಳಿಸಿದ ಬಿಡಿ ಡಿಎಲ್‌ಎಲ್ ಒಂದು ಡೌನ್‌ಲೋಡ್ಸ್ ಫೋಲ್ಡರಿನಲ್ಲಿ ಉಳಿದಿದ್ದರೆ, ಅಲ್ಲಿಂದ ಓಡಿಸಿದ ಪ್ರಾಮಾಣಿಕ ಸ್ಥಾಪಕವೂ ಅದನ್ನೇ ಎತ್ತಿಕೊಳ್ಳಬಹುದು. ಸ್ಥಾಪಕವನ್ನು ಹೊಸ ಖಾಲಿ ಫೋಲ್ಡರಿಗೆ ಸರಿಸಿ ಓಡಿಸಿ.

ವಿಂಡೋಸ್ 7ಕ್ಕೆ 2020ರ ಜನವರಿ 14ರಂದು, ವಿಂಡೋಸ್ 10ಕ್ಕೆ 2025ರ ಅಕ್ಟೋಬರ್ 14ರಂದು ಮೈಕ್ರೋಸಾಫ್ಟಿನ ಸಾಮಾನ್ಯ ಬೆಂಬಲ ಮುಗಿದಿದೆ. ಹೊಸ ತಂತ್ರಾಂಶ ಕೇಳುವ ಲೈಬ್ರರಿ ವಿಂಡೋಸ್ 7ರಲ್ಲಿ ಇಲ್ಲದಿದ್ದರೆ ಅದನ್ನು ಎಲ್ಲಿಂದಲೋ ತಂದು ಹೊಂದಿಸುವುದಕ್ಕಿಂತ ಯಂತ್ರವನ್ನು ಬದಲಿಸುವುದೇ ಒಳ್ಳೆಯದು.

ಲಿನಕ್ಸ್ ಗೇಟ್‌ವೇಯಲ್ಲಿ

ಗೇಟ್‌ವೇಗೆ ಪರದೆ ಇರುವುದಿಲ್ಲ, ಆದ್ದರಿಂದ ಸಂದೇಶ ತಾನಾಗಿ ಕಾಣದು. ಮಾಹಿತಿ ಬರುವುದು ನಿಂತಾಗ ಬೇರೆ ಕಂಪ್ಯೂಟರಿನಿಂದ ಅದಕ್ಕೆ ಲಾಗಿನ್ ಆಗಿ, ಜರ್ನಲ್‌ಸಿಟಿಎಲ್ ಕಮಾಂಡಿನಿಂದ ಆ ಸೇವೆಯ (ಹಿನ್ನೆಲೆಯಲ್ಲಿ ತಾನೇ ನಡೆಯುವ ತಂತ್ರಾಂಶದ) ದಾಖಲೆ ಓದಬೇಕು. ಅಲ್ಲಿನ ವಾಕ್ಯದ ಕೊನೆಯ ಪದಗಳು ಬಹಳ ಮುಖ್ಯ, ಏಕೆಂದರೆ ಮೇಲ್ನೋಟಕ್ಕೆ ಒಂದೇ ಎನಿಸುವ ಸಂದೇಶಗಳ ಹಿಂದೆ ಬೇರೆ ಬೇರೆ ಕಾರಣಗಳಿರುತ್ತವೆ. ‘ನೋ ಸಚ್ ಫೈಲ್’ ಎಂದಿದ್ದರೆ ಲೈಬ್ರರಿ ಇಲ್ಲ, ಅಥವಾ ಹುಡುಕುವ ಜಾಗದಲ್ಲಿ ಇಲ್ಲ. ‘ಫೈಲ್ ಟೂ ಶಾರ್ಟ್’ ಎಂದಿದ್ದರೆ ಹೆಸರು ಉಳಿದು ಒಳಗಿನದು ಖಾಲಿಯಾಗಿದೆ. ಬರೆಯುತ್ತಿರುವಾಗಲೇ ಕರೆಂಟು ಹೋದ ಎಸ್‌ಡಿ ಕಾರ್ಡಿನ ಗುರುತು ಇದು, ಜೂನ್‌ನಿಂದ ಸೆಪ್ಟೆಂಬರಿನವರೆಗಿನ ಮಳೆಗಾಲದಲ್ಲಿ ನಾನು ಹೆಚ್ಚಾಗಿ ಕಾಣುವುದೂ ಇದನ್ನೇ. ‘ರಾಂಗ್ ಇಎಲ್‌ಎಫ್ ಕ್ಲಾಸ್’ ಎಂದಿದ್ದರೆ 32 ಮತ್ತು 64 ಬಿಟ್ಟುಗಳು ಬೆರೆತಿವೆ.

ಯಾವುದನ್ನೂ ಸ್ಥಾಪಿಸುವ ಮುನ್ನ ಡೇಟ್ ಎಂದು ಬರೆದು ಯಂತ್ರದ ದಿನಾಂಕ ನೋಡಿ. ರಾಸ್‌ಬೆರಿ ಪೈಯ 5ನೆಯ ಪೀಳಿಗೆಗೂ ಹಿಂದಿನವುಗಳಲ್ಲಿ ಬ್ಯಾಟರಿಯಿಂದ ನಡೆಯುವ ಗಡಿಯಾರವಿಲ್ಲ, 5ರಲ್ಲಿಯೂ ಬ್ಯಾಟರಿಯನ್ನು ಬೇರೆಯಾಗಿ ಜೋಡಿಸಬೇಕು. ನಾಲ್ಕು ದಿನ ಕರೆಂಟು ಇಲ್ಲದೆ ಎದ್ದ ಯಂತ್ರ, ಅಂತರಜಾಲದಿಂದ ಸಮಯ ಸಿಗುವವರೆಗೆ ನಾಲ್ಕು ದಿನ ಹಿಂದೆಯೇ ಇರಬಹುದು. ಆಗ ಆಪ್ಟ್ ಎಂಬ ಪ್ಯಾಕೇಜು ವ್ಯವಸ್ಥೆಯು ಬಿಡುಗಡೆಯ ಕಡತ (ಪ್ಯಾಕೇಜುಗಳ ಪಟ್ಟಿಯ ದಾಖಲೆ) ಇನ್ನೂ ಸಿಂಧುವಾಗಿಲ್ಲ ಎಂದು ನಿರಾಕರಿಸುತ್ತದೆ, ನಾವು ಇಲ್ಲದ ದೋಷವನ್ನು ಹುಡುಕುತ್ತ ಕೂರುತ್ತೇವೆ.

ತಂತ್ರಾಂಶಕ್ಕೆ ಯಾವ ಯಾವ ಲೈಬ್ರರಿ ಬೇಕು ಎಂದು ತಿಳಿಯಲು ಎಲ್‌ಡಿಡಿ ಎಂದು ಬರೆದು ಅದರ ಮುಂದೆ ತಂತ್ರಾಂಶದ ಪೂರ್ಣ ವಿಳಾಸ ಕೊಡಿ. ಇಲ್ಲದವುಗಳ ಎದುರು ‘ನಾಟ್ ಫೌಂಡ್’ ಎಂದು ಕಾಣುತ್ತದೆ. ನಂಬಿಕೆಗೆ ಅರ್ಹವಲ್ಲದ ತಂತ್ರಾಂಶದ ಮೇಲೆ ಎಲ್‌ಡಿಡಿ ಓಡಿಸಬಾರದು, ಅದು ಕೆಲವೊಮ್ಮೆ ಆ ತಂತ್ರಾಂಶವನ್ನೇ ನಡೆಸಿಬಿಡುತ್ತದೆ. ಲೈಬ್ರರಿಯ ಪ್ಯಾಕೇಜು ಯಂತ್ರದಲ್ಲಿ ಈಗಾಗಲೇ ದಾಖಲಾಗಿದ್ದರೆ ಡಿಪಿಕೆಜಿ -ಎಸ್ ಅದರ ಹೆಸರು ಹೇಳುತ್ತದೆ. ಇಲ್ಲಿ ಎಸ್ ದೊಡ್ಡಕ್ಷರ, ಮುಂದೆ ಫೋಲ್ಡರುಗಳ ದಾರಿಯಿಲ್ಲದೆ ಕಡತದ ಹೆಸರು ಮಾತ್ರ ಸಾಕು. ದಾಖಲಾಗಿಲ್ಲದಿದ್ದರೆ ಆಪ್ಟ್-ಫೈಲ್ ಎಂಬ ಉಪಕರಣವನ್ನು ಸ್ಥಾಪಿಸಿ, ಒಮ್ಮೆ ಆಪ್ಟ್-ಫೈಲ್ ಅಪ್‌ಡೇಟ್ ಮಾಡಿ, ಆಪ್ಟ್-ಫೈಲ್ ಸರ್ಚ್ ಮುಂದೆ ಹೆಸರು ಬರೆಯಿರಿ. ಪ್ಯಾಕೇಜಿನ ಹೆಸರು ಸಿಕ್ಕ ಮೇಲೆ ಸುಡೊ ಆಪ್ಟ್ ಇನ್‌ಸ್ಟಾಲ್ ಮುಂದೆ ಅದನ್ನು ಬರೆಯಿರಿ (ಸುಡೊ ಎಂಬುದು ಅಡ್ಮಿನಿಸ್ಟ್ರೇಟರ್ ಅಧಿಕಾರ ಕೊಡುವ ಪದ), ಕಡತ ಖಾಲಿಯಾದ ಪ್ರಸಂಗವಾದರೆ ನಡುವೆ --ರೀಇನ್‌ಸ್ಟಾಲ್ ಸೇರಿಸಿ. ಒಂದು ಕಡತ ಖಾಲಿಯಾಗಿದ್ದಲ್ಲಿ ಇನ್ನಷ್ಟು ಇರುವ ಸಂಭವ ಹೆಚ್ಚು. ಸುಡೊ ಡಿಪಿಕೆಜಿ --ವೆರಿಫೈ ಓಡಿಸಿದರೆ ಮೂಲಕ್ಕಿಂತ ಭಿನ್ನವಾದ ಕಡತಗಳು 5 ಎಂಬ ಗುರುತಿನೊಂದಿಗೆ ಪಟ್ಟಿಯಾಗುತ್ತವೆ. ನೀವೇ ತಿದ್ದಿದ ಹೊಂದಾಣಿಕೆ ಕಡತಗಳೂ ಅದರಲ್ಲಿ ಬರುವುದು ಸಹಜ. ಲೈಬ್ರರಿಗಳು ಬಂದರೆ ಮಾತ್ರ ಚಿಂತಿಸಿ.

ಲಿನಕ್ಸಿನಲ್ಲಿ ನನಗೆ ಅತ್ಯಂತ ಕಳವಳ ತರುವುದು ಸಂಖ್ಯೆಯ ಪ್ರಶ್ನೆ. ಡೆಬಿಯನ್ ಎಂಬ ಲಿನಕ್ಸ್ ವ್ಯವಸ್ಥೆಯ 11ನೆಯ ಆವೃತ್ತಿಯಲ್ಲಿ ಗುಪ್ತಲಿಪಿಯ ಲೈಬ್ರರಿಯಾದ ಓಪನ್‌ಎಸ್‌ಎಸ್‌ಎಲ್ 1.1 ಪೀಳಿಗೆಯದಿತ್ತು, ಡೆಬಿಯನ್ 12ರಲ್ಲಿ ಅದು 3ನೆಯ ಪೀಳಿಗೆಯದಾಯಿತು. ಅದರ ಮೇಲೆ ಕಟ್ಟಿದ ರಾಸ್‌ಬೆರಿ ಪೈಯ ವ್ಯವಸ್ಥೆಯೂ 2023ರ ಅಕ್ಟೋಬರಿನಲ್ಲಿ ಡೆಬಿಯನ್ 12ಕ್ಕೆ ಬಂದಿತು. ಹಳೆಯದಕ್ಕಾಗಿ ಸಿದ್ಧಪಡಿಸಿದ ಸೆನ್ಸರ್ ತಂತ್ರಾಂಶವನ್ನು ಹೊಸ ಕಾರ್ಡಿಗೆ ಹಾಕಿದೊಡನೆ ಲಿಬ್‌ಎಸ್‌ಎಸ್‌ಎಲ್.ಎಸ್‌ಒ.1.1 ಇಲ್ಲ ಎಂಬ ಸಂದೇಶ ಬರುತ್ತದೆ. ಆಗ ಕೆಲವರು ಹೊಸ ಲೈಬ್ರರಿಗೇ ಹಳೆಯ ಹೆಸರಿನ ಕೊಂಡಿಯೊಂದನ್ನು ಕಟ್ಟುತ್ತಾರೆ. ಎಸ್‌ಒ ಮುಂದಿನ ಸಂಖ್ಯೆ ಬದಲಾಗುವುದೇ ಒಳಗಿನ ಹೊಂದಾಣಿಕೆ ಮುರಿದಾಗ, ಆದ್ದರಿಂದ ಹೆಸರು ಬದಲಿಸಿದ ಮಾತ್ರಕ್ಕೆ ಅದು ಕೂಡುವುದಿಲ್ಲ. ಮತ್ತೆ ಕೆಲವರು ಹಳೆಯ 1.1 ಪ್ಯಾಕೇಜನ್ನೇ ಎಲ್ಲಿಂದಲೋ ತಂದು ಸೇರಿಸುತ್ತಾರೆ. ತಂತ್ರಾಂಶ ಓಡುತ್ತದೆ ನಿಜ, ಆದರೆ ಓಪನ್‌ಎಸ್‌ಎಸ್‌ಎಲ್ 1.1.1ಕ್ಕೆ ಸಾರ್ವಜನಿಕ ಬೆಂಬಲ 2023ರ ಸೆಪ್ಟೆಂಬರ್ 11ರಂದು ನಿಂತಿದೆ. ಅಂತರಜಾಲಕ್ಕೆ ಮುಖ ಮಾಡಿ ಕುಳಿತ ಯಂತ್ರದಲ್ಲಿ ಬಾಗಿಲು ಕಾಯುವ ಲೈಬ್ರರಿಗೇ ತಿದ್ದುಪಡಿ ಸಿಗದಂತೆ ಮಾಡುವುದನ್ನು ನಾನು ಒಪ್ಪಲಾರೆ. ಹೊಸ ವ್ಯವಸ್ಥೆಗೆಂದು ಮರುಸಿದ್ಧಪಡಿಸಿದ ತಂತ್ರಾಂಶವನ್ನು ಮಾರಿದವರಿಂದ ಕೇಳಿ ಪಡೆಯಿರಿ. ಅದು ಬರುವವರೆಗೆ ಹಳೆಯ ಕಾರ್ಡಿನಲ್ಲೇ ನಡೆಸಬೇಕಾದರೆ ಗೇಟ್‌ವೇಯನ್ನು ರೌಟರಿನ ಅತಿಥಿ ಜಾಲಕ್ಕೆ (ಗೆಸ್ಟ್ ನೆಟ್‌ವರ್ಕ್) ಸರಿಸಿ, ಹೊರಗಿನಿಂದ ಅದಕ್ಕೆ ತೆರೆದ ಪೋರ್ಟುಗಳನ್ನೆಲ್ಲ ಮುಚ್ಚಿ.

ಲೈಬ್ರರಿ ಇದ್ದೂ ಸಿಗದ ಪ್ರಸಂಗ ಇನ್ನೊಂದು. ಅದನ್ನು ಯುಎಸ್‌ಆರ್ ಒಳಗಿನ ಲೋಕಲ್‌ನ ಲಿಬ್ ಫೋಲ್ಡರಿನಲ್ಲಿ ಹೊಸದಾಗಿ ಕಟ್ಟಿ ಹಾಕಿದ್ದರೆ ಸುಡೊ ಎಲ್‌ಡಿಕಾನ್ಫಿಗ್ ಒಮ್ಮೆ ಓಡಿಸಿದರೆ ಸಾಕು, ಹುಡುಕುವ ಪಟ್ಟಿ ನವೀಕರಣಗೊಳ್ಳುತ್ತದೆ. ಕೈಯಿಂದ ಓಡಿಸಿದಾಗ ನಡೆದು, ಯಂತ್ರ ತಾನೇ ಎದ್ದಾಗ ನಡೆಯದಿದ್ದರೆ, ಎಲ್‌ಡಿ ಲೈಬ್ರರಿ ಪಾತ್ (ಪದಗಳ ನಡುವೆ ಅಡಿಗೀಟು) ಎಂಬ, ಲೈಬ್ರರಿಗಳನ್ನು ಎಲ್ಲಿ ಹುಡುಕಬೇಕೆಂದು ಹೇಳುವ ಮೌಲ್ಯವನ್ನು ನಿಮ್ಮ ಲಾಗಿನ್ನಿನಲ್ಲಿ ಮಾತ್ರ ಕೊಟ್ಟಿರುತ್ತೀರಿ. ಸಿಸ್ಟಮ್‌ಡಿ (ಯಂತ್ರ ಎದ್ದಾಗ ಸೇವೆಗಳನ್ನು ಆರಂಭಿಸುವ ತಂತ್ರಾಂಶ) ನಡೆಸುವ ಸೇವೆಗೆ ಅದು ತಲುಪುವುದಿಲ್ಲ, ಸೇವೆಯ ಕಡತದಲ್ಲೇ ಬರೆಯಬೇಕು.

ಮಳೆಗಾಲಕ್ಕೆ ಮುನ್ನ

ಮೇ ತಿಂಗಳಲ್ಲಿ ನಾನು ಪ್ರತಿ ಗೇಟ್‌ವೇಯ ಕಾರ್ಡನ್ನು ಇಡಿಯಾಗಿ ನಕಲು ಮಾಡಿ, ಇನ್ನೊಂದು ಕಾರ್ಡಿಗೆ ಬರೆದು, ಆ ಕಾರ್ಡಿನಿಂದ ಯಂತ್ರ ಏಳುತ್ತದೆಯೇ ಎಂದು ಪರೀಕ್ಷಿಸಿಡುತ್ತೇನೆ. ಪರೀಕ್ಷಿಸದ ನಕಲನ್ನು ನಾನು ನಕಲೆಂದು ಎಣಿಸುವುದಿಲ್ಲ. ಗೇಟ್‌ವೇಗೆ ಚಿಕ್ಕ ಯುಪಿಎಸ್ ಇಟ್ಟರೆ ಖಾಲಿ ಕಡತಗಳ ಕಾಟ ಬಹಳಷ್ಟು ತಗ್ಗುತ್ತದೆ. ಆದರೆ ಅದರ ಬ್ಯಾಟರಿ ಮುಗಿಯುವ ಮುನ್ನ ಯಂತ್ರ ತಾನೇ ಕ್ರಮವಾಗಿ ಮುಚ್ಚಿಕೊಳ್ಳುವಂತೆ ಹೊಂದಿಸಿರಬೇಕು. ವಿಂಡೋಸ್ ಕಂಪ್ಯೂಟರಿನ ಬಳಿ ಒಂದು ಪೆನ್‌ಡ್ರೈವಿನಲ್ಲಿ ಕ್ಯಾಮರಾ ಮತ್ತು ಪಂಪ್ ತಂತ್ರಾಂಶಗಳ ಸ್ಥಾಪಕಗಳನ್ನೂ ಅವು ಕೇಳುವ ವಿಶುವಲ್ ಸಿ++ ಪ್ಯಾಕೇಜುಗಳ ಎರಡೂ ಬಗೆಯನ್ನೂ ಇಡಿ, ಏಕೆಂದರೆ ಅವು ಬೇಕಾಗುವ ದಿನ ಅಂತರಜಾಲ ಇರುತ್ತದೆ ಎಂಬ ಭರವಸೆಯಿಲ್ಲ.

ಕಾರ್ಡು ಮತ್ತು ಪೆನ್‌ಡ್ರೈವನ್ನು ತೇವವಿಲ್ಲದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣದೊಂದಿಗೆ ಮುಚ್ಚಿಟ್ಟು, ಮುಚ್ಚಳದ ಮೇಲೆ ಯಂತ್ರದ ಹೆಸರು, ಆಪರೇಟಿಂಗ್ ಸಿಸ್ಟಮಿನ ಆವೃತ್ತಿ, 32 ಬಿಟ್ಟೋ 64 ಬಿಟ್ಟೋ ಎಂಬುದು ಮತ್ತು ನಕಲು ಮಾಡಿದ ದಿನಾಂಕ, ಈ ನಾಲ್ಕನ್ನು ಪೆನ್ಸಿಲಿನಿಂದ ಬರೆದು ಅಂಟಿಸಿ. ಶಾಯಿ ಮಲೆನಾಡಿನ ತೇವಕ್ಕೆ ಹರಡುತ್ತದೆ.